ಹಸಿ ಕಟ್ಟಿಗೆಯ ಗಿರಾಕಿಗಳು

ಕಟ್ಟಿಗೆ ಒಣಗುವ ತನಕ ಸುಮ್ಮನೆ ಕಾಯುವ ಮನುಷ್ಯ ನನಗೆ ಇನ್ನೂ ಭೆಟ್ಟಿಯಾಗಿಲ್ಲ. ಆ ಕಾರಣಕ್ಕೋ ಏನೋ, ನಮ್ಮ ಅಡ್ಡೆಯಲ್ಲಿ ನಗುವಂಥದ್ದು ಒಂದಿಲ್ಲೊಂದು ನಡೆಯುತ್ತಲೇ ಇರುತ್ತದೆ.

ಅಡ್ಡೆ ಎಂದರೆ ಕಟ್ಟಿಗೆ ಅಡ್ಡೆ. ರಾಣೆಬೆನ್ನೂರು ದಾಟಿ ಹಾವೇರಿ ದಾರಿ ಹಿಡಿದರೆ ಉದ್ದನೆಯ ತಗಡಿನ ಶೆಡ್ಡು ಕಾಣುತ್ತದಲ್ಲ, ಅದೇ. ನಮ್ಮ ಮಾವನವರು ಶುರು ಮಾಡಿದ್ದು. ಈಗ ಮರ ಕೊಯ್ಯಿಸಿ ಲಾರಿ ತರಿಸುವುದು ನಮ್ಮ ಮನೆಯವರ ಕೆಲಸ, ಬಂದ ಗಿರಾಕಿಗಳ ಜೊತೆ ಮಾತಾಡುವುದು ನನ್ನ ಕೆಲಸ. ಉರುವಲಿಗೆ ನೀಲಗಿರಿ, ಸುಬಾಬುಲ್. ಹಲಗೆಗೆ ಸಿಲ್ವರ್ ಓಕ್, ಹೆಬ್ಬೇವು, ಮಾವು. ಸಾಗವಾನಿ ಕೇಳಿಕೊಂಡು ಬಂದವರನ್ನು ಮುಂದಿನ ಅಡ್ಡೆಗೆ ಕಳಿಸುತ್ತೇವೆ. ನಮ್ಮದೆಲ್ಲ ಮೆದು ಕಟ್ಟಿಗೆ. ಬಿಸಿಲಿಗೆ ಹಾಕಿದರೆ ಸೀಳುತ್ತದೆ, ನೆಲಕ್ಕೆ ಹಾಕಿದರೆ ಒರಲೆ ಹತ್ತುತ್ತದೆ, ಮಳೆಗೆ ಬಿಟ್ಟರೆ ಸೊಟ್ಟಗಾಗುತ್ತದೆ. ನೆರಳಿನಲ್ಲಿ, ಗಾಳಿ ಆಡುವಲ್ಲಿ, ಅದರಷ್ಟಕ್ಕೆ ಅದನ್ನು ಬಿಡಬೇಕು. "ಕೂಸಿನ್ನ ಮಲಗಿಸಿದಂಗವಾ. ಅವಸರಾ ಮಾಡಿದ್ರ ಎದ್ದು ಕುಂಡ್ರತೈತಿ" ಎಂದು ನಮ್ಮ ಅತ್ತೆಯವರು ನನಗೆ ಮದುವೆಯಾದ ಹೊಸದರಲ್ಲೇ ಹೇಳಿಕೊಟ್ಟಿದ್ದರು. ಅವರಿಂದಲೇ ಸುರು ಮಾಡುತ್ತೇನೆ.

ಹಲಗೆಯ ಜೋಡಿ ಬಂದದ್ದು

ಹಲಗೆ ಕೊಯ್ದ ಮೇಲೆ ನಾವು ಅದನ್ನು ಕಲ್ಲಿನ ಮೇಲೆ ಸಾಲಾಗಿ ಒಟ್ಟುತ್ತೇವೆ. ಒಂದೊಂದು ಸಾಲಿನ ನಡುವೆ ತೆಳ್ಳಗಿನ ರೀಪು ಇಟ್ಟು ಗಾಳಿಗೆ ದಾರಿ ಬಿಡುತ್ತೇವೆ. ಬೇಸಿಗೆಯಲ್ಲಿ ಶೆಡ್ಡಿನ ಅಂಚಿಗೆ, ಓರೆಬಿಸಿಲು ಬೀಳುವಲ್ಲಿರುವ ಒಟ್ಟಿಲಿನ ಮೇಲ್ಭಾಗ ನೋಡಿದರೆ ಯಾರಿಗಾದರೂ ಆಸೆಯಾಗಬೇಕು. ಅಗಲಕ್ಕೆ ಅಗಲ, ಸ್ವಚ್ಛಕ್ಕೆ ಸ್ವಚ್ಛ, ನಾಯಿ ಹತ್ತುವ ಭಯವಿಲ್ಲ. ನಮ್ಮ ಅತ್ತೆಯವರಿಗೆ ಅದು ಸಂಡಿಗೆ ಇಡಲಿಕ್ಕೆಂದೇ ದೇವರು ಮಾಡಿಟ್ಟ ಜಾಗದಂತೆ ಕಂಡಿತು.

"ಅರಬಿ ಹಾಸಿ ಇಡ್ರಿ ಅತ್ತೀ" ಎಂದೆ.

"ಅರಬಿ ಯಾಕ? ಹಲಗಿ ನೀರು ಹೀರತೈತಿ. ಲಗೂ ಒಣಗ್ತಾವ" ಎಂದು ಅವರು ಹಲಗೆ ತೊಳೆದು, ಅದರ ಮೇಲೇ ನೇರವಾಗಿ ಸಂಡಿಗೆ ಇಟ್ಟರು. ಮಧ್ಯಾಹ್ನ ನಾನು ಪೇಟೆಗೆ ಹೋಗಿದ್ದೆ. ಅತ್ತೆಯವರು ಊಟ ಮಾಡಿ ಅಡ್ಡಾಗಿದ್ದರು. ಅಷ್ಟರಲ್ಲಿ ಹಾವೇರಿಯಿಂದ ಒಬ್ಬರು ಅಟ್ಟಕ್ಕೆ ಹಲಗೆ ಬೇಕೆಂದು ಗೂಡ್ಸ್ ಗಾಡಿ ತಂದರು. ನಮ್ಮ ಮನೆಯವರು ಕಿವಿಗೆ ಫೋನು ಹಚ್ಚಿಕೊಂಡು ಮಾತಾಡುತ್ತಲೇ ಒಟ್ಟಿಲಿನ ಕಡೆ ಕೈ ಮಾಡಿ ತೋರಿಸಿದರು. ಹಮಾಲರು ಹಲಗೆ ಬೋರಲು ಮಾಡಿ ಹೇರಿದರು. ಗಾಡಿ ಹೋಯಿತು.

ಅತ್ತೆಯವರು ಎದ್ದು ಬಂದು ನೋಡಿ ಕೇಳಿದರು, "ಸಂಡಿಗಿ ಎಲ್ಲಿ?"

"ಯಾವ ಸಂಡಿಗಿ?" ಎಂದರು ಮಗ.

"ಹಲಗಿ ಮ್ಯಾಲಿಂದು."

"ಹಲಗಿ ಹಾವೇರಿಗೆ ಹೋತಲ್ಲ."

ಅತ್ತೆಯವರು ಸ್ವಲ್ಪ ಹೊತ್ತು ರಸ್ತೆಯನ್ನೇ ನೋಡಿದರು. ಆಮೇಲೆ, "ಹೋಗ್ಲಿ ಬಿಡು, ಕುಂಬಳಕಾಯಿದು ಮನ್ಯಾಗ ಅದಾವ" ಎಂದು ಒಳಗೆ ನಡೆದರು.

ಸಂಜೆ ಆ ಗಿರಾಕಿಯ ಫೋನು ಬಂತು. ದನಿಯಲ್ಲಿ ಗಾಬರಿ ಇತ್ತು. "ಅಕ್ಕಾರ, ಹಲಗಿಗೆ ಕೆಳಗ ಬೆಳ್ಳಗ ಗುಳ್ಳಿ ಗುಳ್ಳಿ ಎದ್ದಾವ. ಇದೇನು ರೋಗ ಏನ್ರಿ?"

"ರೋಗ ಅಲ್ರಿ, ಸಂಡಿಗಿ."

ಅತ್ತ ಕಡೆ ಹಲಗೆ ಹೊರಳಿಸಿದ ಸಪ್ಪಳ ಕೇಳಿತು. ಆಮೇಲೆ, "ಹಲಗಿ ಜೋಡಿ ಎಲ್ಲಾರಿಗೂ ಕೊಡ್ತೀರೇನ್ರಿ?" ಎಂದು ಕೇಳಿದರು. ನಾನು ಕ್ಷಮೆ ಕೇಳಿ, ಕೆರೆದು ತೆಗೆಯಿರಿ, ಹಲಗೆಗೆ ಏನೂ ಆಗುವುದಿಲ್ಲ ಎಂದೆ.

ಮುಂದಿನ ವಾರ ಅವರು ಮತ್ತೆ ಗಾಡಿ ತಂದು ಅಡ್ಡೆಯಲ್ಲಿ ನಿಂತರು. ಹಲಗೆ ಸಾಲಲಿಲ್ಲವೇನೋ ಎಂದುಕೊಂಡೆ.

"ಅಟ್ಟಕ್ಕ ಭರ್ತಿ ಆಗೇತ್ರಿ" ಎಂದರು ಸಂಕೋಚದಿಂದ. "ಆದ್ರ ನಮ್ಮ ಮನ್ಯಾಗ ಕರದು ತಿಂದಾರ. ಇನ್ನೊಂದಿಷ್ಟು ಹಲಗಿ ತಗೊಂಬಾ ಅಂದಾರ. ಈ ಸಲ ಜೀರಗಿ ಸ್ವಲ್ಪ ಜಾಸ್ತಿ ಇರ್ಲಿ ಅಂತ್ರಿ."

ಮಾಸ್ತರರ ಕ್ಲಾಸು

ಹಾವೇರಿಯ ಒಬ್ಬ ನಿವೃತ್ತ ಮಾಸ್ತರರು ಮನೆ ಕಟ್ಟಿಸುತ್ತಿದ್ದರು. ಪಾಯ ತೋಡುವಾಗಲೇ ಬಂದು ಕಪಾಟಿಗೆ ಬೇಕಾದ ಸಿಲ್ವರ್ ಓಕ್ ಹಲಗೆ ಕೊಯ್ಯಿಸಿದರು. ನಮ್ಮ ಗಿರಾಕಿಗಳಲ್ಲಿ ಇಷ್ಟು ಮುಂಚೆ ಬಂದವರು ಅವರೊಬ್ಬರೇ ಎಂದು ನಮಗೆ ಬಹಳ ಸಂತೋಷವಾಯಿತು. ಅವರ ಜಾಗದಲ್ಲಿ ನೆರಳಿಲ್ಲದ್ದರಿಂದ ಹಲಗೆ ನಮ್ಮ ಶೆಡ್ಡಿನಲ್ಲೇ ಒಣಗಲಿ ಎಂದು ಬಿಟ್ಟು ಹೋದರು.

ಬಿಟ್ಟು ಹೋದರು ಎಂದೆನಲ್ಲ, ಅದು ತಪ್ಪು. ಹೋಗಲೇ ಇಲ್ಲ. ಎರಡು ದಿನಕ್ಕೊಮ್ಮೆ ಬಸ್ಸು ಹತ್ತಿ ಬಂದುಬಿಡುವರು. ಒಂದು ಸಲ ಚೀಲದಿಂದ ಸೀಮೆಸುಣ್ಣದ ಖಡು ತೆಗೆದು ಪ್ರತಿ ಹಲಗೆಯ ತುದಿಗೂ ನಂಬರು ಬರೆದರು. ಆಮೇಲೆ ಬಂದಾಗಲೆಲ್ಲ ಮೊದಲಿನಿಂದ ಕಡೆಯವರೆಗೆ ಬೆರಳು ಮಾಡಿ ಎಣಿಸುವರು. ಯಾವುದಾದರೂ ಒಂದು ಬಿಸಿಲಿಗೆ ಸರಿದಿದ್ದರೆ, "ಏಯ್, ನೀ ಯಾಕ ಹೊರಗ ಹೋದಿ?" ಎಂದು ಮೆಲ್ಲಗೆ ಒಳಗೆ ತಳ್ಳುವರು. ನಮ್ಮ ಹಮಾಲರು ಬೀಡಿ ಸೇದುತ್ತ ಕೂತಿದ್ದರೆ ಇವರ ದನಿ ಕೇಳಿ ತಾವೂ ಎದ್ದು ನಿಲ್ಲುತ್ತಿದ್ದರು.

ಎಲ್ಲ ಹಲಗೆಗಳೂ ನೆಟ್ಟಗೆ ಒಣಗುತ್ತಿದ್ದವು, ಒಂದು ಬಿಟ್ಟು. ಅದು ದಿನದಿಂದ ದಿನಕ್ಕೆ ಬಾಗತೊಡಗಿತು. ಮಾಸ್ತರರು ಅದರ ಮೇಲೆ ಕಲ್ಲು ಹೇರಿಸಿದರು. ಕಲ್ಲು ಹೇರಿದ ಕಡೆ ನೆಟ್ಟಗಾಗಿ ಬೇರೆ ಕಡೆ ಎದ್ದಿತು.

"ಎಲ್ಲಾರಿಗೂ ಒಂದ ಗಾಳಿ, ಒಂದ ನೆರಳು. ನಿನಗ ಒಬ್ಬಂಗ ಏನಾಗೇತಿ?" ಎಂದು ಅದನ್ನು ಕೇಳಿದರು.

ನಮ್ಮ ಮನೆಯವರಿಗೆ ನೋಡಲಾಗಲಿಲ್ಲ. "ಸರ್, ಅದನ್ನ ಬಿಡ್ರಿ. ಬ್ಯಾರೆ ಹಲಗಿ ಕೊಡ್ತೀನಿ" ಎಂದರು.

"ಬ್ಯಾಡಪಾ. ನನ್ನ ಕ್ಲಾಸಿಗೆ ಬಂದಾಂವನ್ನ ನಾ ಬ್ಯಾರೆ ಸಾಲಿಗೆ ಕಳಸಿದಾಂವ ಅಲ್ಲ" ಎಂದು ಅವರು ಮತ್ತೊಂದು ಕಲ್ಲು ಇಡಿಸಿದರು.

ಮನೆ ಮುಗಿದ ಮೇಲೆ ಊಟಕ್ಕೆ ಕರೆದಿದ್ದರು, ಹೋದೆವು. ಕಟ್ಟೆಯ ಮೇಲೆ ಒಂದು ಬೆಂಚು ಇತ್ತು. ಅದರ ಬೆನ್ನಿನ ಹಲಗೆ ಒಳಗೆ ಬಾಗಿತ್ತು. ಕೂತು ನೋಡಿದೆ. ಬೆನ್ನಿಗೆ ಯಾರೋ ಕೈ ಕೊಟ್ಟು ಹಿಡಿದಂತೆ ಹಿತವಾಗಿತ್ತು, ಏಳುವ ಮನಸ್ಸೇ ಆಗಲಿಲ್ಲ.

"ಇಂವ ಅವನ ನೋಡ್ರಿ" ಎಂದರು ಮಾಸ್ತರರು ಅಭಿಮಾನದಿಂದ. "ನೆಟ್ಟಗಿದ್ದವ್ರೆಲ್ಲಾ ಒಳಗ ಕಪಾಟಿನ್ಯಾಗ ಹೋಗಿ ಕುಂತಾರ, ಮಾರಿ ಸೈತ ತೋರಸೂದಿಲ್ಲ. ದಿನಾ ಸಂಜೀಕ ನನ್ನ ಜೋಡಿ ಕುಂಡ್ರಾಂವ ಇಂವ ಒಬ್ಬನ."

ಒಳಗಿನಿಂದ ಅವರ ಮನೆಯವರು ಕೂಗಿ ಕೇಳಿದರು, "ಅಂವ ಪಾಸ್ ಆದ್ನೋ ಇಲ್ಲೋ, ಅದನ್ನಷ್ಟು ಹೇಳ್ರಿ ಅವ್ರಿಗೆ."

ಮಾಸ್ತರರು ನಮ್ಮ ಕಡೆ ಬಾಗಿ ದನಿ ತಗ್ಗಿಸಿದರು. "ಗ್ರೇಸ್ ಮಾರ್ಕ್ಸ್ ಕೊಟ್ಟೇನಿ."

ಸೀನಿನ ಕಪಾಟು

ಬ್ಯಾಡಗಿಯ ಒಬ್ಬ ಮೆಣಸಿನಕಾಯಿ ವ್ಯಾಪಾರಿಗಳು ಮನೆಗೆ ದೊಡ್ಡ ಕಪಾಟು ಮಾಡಿಸಬೇಕೆಂದು ಬಂದರು. ದೊಡ್ಡ ಮನುಷ್ಯರು, ದೊಡ್ಡ ಹೊಟ್ಟೆ, ದೊಡ್ಡ ನಗು. ಹಲಗೆಯನ್ನು ಕೈಯಲ್ಲಿ ಹಿಡಿದು ಮೂಸಿದರು, ಉಗುರಿನಿಂದ ಗೀರಿದರು, ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿದರು. ಮೆಣಸಿನಕಾಯಿ ನೋಡುವ ಕ್ರಮ ಅದು. ಹಲಗೆಯೊಳಗೆ ಬೀಜ ಸಪ್ಪಳ ಮಾಡಲಿಲ್ಲವಾದರೂ ಅವರಿಗೆ ಮನಸ್ಸಿಗೆ ಬಂತು.

"ಹಸಿ ಐತ್ರಿ ಅಣ್ಣಾರ. ಇಲ್ಲೇ ಬಿಡ್ರಿ, ದೀಪಾವಳಿ ತನಕ ಒಣಗ್ಲಿ" ಎಂದೆ.

"ಮಾಲು ಇಡೂದು ನನಗ ಹೇಳಿಕೊಡ್ತೀರೇನ್ರಿ ಅಕ್ಕಾರ?" ಎಂದು ನಕ್ಕರು. "ನಾವು ಇಟ್ಟ ಮೆಣಸಿನಕಾಯಿ ವರ್ಷ ಆದ್ರೂ ಬಣ್ಣ ಬಿಡಂಗಿಲ್ಲ."

"ಇಡೂದು ಬ್ಯಾರೆ, ಒಣಗಸೂದು ಬ್ಯಾರೆ ರಿ."

ಅವರು ಕೇಳಲಿಲ್ಲ. ಹಲಗೆ ಹೇರಿಸಿಕೊಂಡು ಹೋಗಿ, ತಾವು ಮೆಣಸಿನಕಾಯಿ ಇಡುತ್ತಿದ್ದ ಕೋಲ್ಡ್ ಸ್ಟೋರೇಜಿನಲ್ಲಿ ಚೀಲಗಳ ನಡುವೆ ಸಂದು ಮಾಡಿ ನಿಲ್ಲಿಸಿಬಿಟ್ಟರು. ದೀಪಾವಳಿ ಹತ್ತಿರ ಬಂದಾಗ ಹೊರಗೆ ತೆಗೆಸಿದರಂತೆ. ಹೊರಗಿನ ಗಾಳಿ ತಾಗಿದ್ದೇ ಹಲಗೆಗಳೆಲ್ಲ ಬೆವರಿ ನೀರಿಳಿಸತೊಡಗಿದವು. ಬಣ್ಣ ಮಾತ್ರ ಅವರು ಹೇಳಿದಂತೆ ಒಂದಿಷ್ಟೂ ಹೋಗಿರಲಿಲ್ಲ. ಕೊಯ್ದ ದಿನ ಹೇಗಿದ್ದವೋ ಹಾಗೇ ಇದ್ದವು, ಹಸಿತನವೂ ಸೇರಿ.

ಮತ್ತೆ ನಮ್ಮಲ್ಲಿಗೇ ತಂದು ಇಳಿಸಿದರು. ಇಳಿಸುವ ಹಮಾಲರು ಒಬ್ಬರಾದ ಮೇಲೊಬ್ಬರು ಸೀನಿದರು. ನಮ್ಮ ಶೆಡ್ಡಿನಲ್ಲಿ ಗಾಳಿಗೆ ಹಾಕಿದೆವು. ನೀರು ಆರಿತು, ಹಲಗೆ ಹಗುರಾಯಿತು, ತಟ್ಟಿದರೆ ಟಣ್ ಎನ್ನತೊಡಗಿತು. ಘಾಟು ಮಾತ್ರ ಅಲ್ಲೇ ಉಳಿಯಿತು. ಹಸಿ ಇದ್ದಾಗ ಒಳಗೆ ಹೀರಿಕೊಂಡದ್ದನ್ನು ಒಣಗುವಾಗ ಬಿಡಲಿಲ್ಲ. ಕಪಾಟು ಮಾಡಿದ ಬಡಿಗೇರರು ಮೂಗಿಗೆ ಒದ್ದೆ ಟವೆಲ್ಲು ಕಟ್ಟಿಕೊಂಡು ರಂದಾ ಹೊಡೆದರು. "ಕಪಾಟು ಭಾಳ ಮಾಡೇನ್ರಿ, ಒಗ್ಗರಣಿ ಹಾಕಿದ್ದು ಇದ ಮೊದಲು" ಎಂದು ಆಮೇಲೆ ನಮ್ಮ ಅಡ್ಡೆಗೆ ಬಂದು ಕಣ್ಣು ಒರೆಸಿಕೊಂಡರು.

ಬಹಳ ದಿನದ ಮೇಲೆ ಆ ವ್ಯಾಪಾರಿಗಳು ಹೆಂಡತಿಯ ಜೊತೆ ಬಂದರು. ಅವರ ಮುಖ ಸಪ್ಪಗಿತ್ತು. ಬೇರೆ ಕಪಾಟು ಮಾಡಿಸಬೇಕು, ಈ ಸಲ ನೀವು ಹೇಳಿದಷ್ಟು ದಿನ ಇಲ್ಲೇ ಬಿಡುತ್ತೇನೆ, ಎಂದರು.

"ಏನೂ ಬ್ಯಾಡ್ರಿ ಅಕ್ಕಾರ" ಎಂದು ಹೆಂಡತಿ ನಡುವೆ ಬಾಯಿ ಹಾಕಿದರು. "ಅಂಥಾ ಕಪಾಟು ದುಡ್ಡು ಕೊಟ್ರೂ ಸಿಗೂದಿಲ್ಲ."

ನನಗೆ ತಿಳಿಯಲಿಲ್ಲ. ಅವರೇ ಬಿಡಿಸಿ ಹೇಳಿದರು. "ಇವ್ರಿಗೆ ಶುಗರ್ ಐತ್ರಿ. ಡಾಕ್ಟರ್ ಸಿಹಿ ಮುಟ್ಟಬ್ಯಾಡ್ರಿ ಅಂದಾರ. ಇವ್ರು ಪೇಡೆ ತಂದು ಧೋತರದ ಹಿಂದ ಮುಚ್ಚಿ ಇಡ್ತಾರ. ಮೊದಲ ನನಗ ಗೊತ್ತಾಗ್ತಿದ್ದಿಲ್ಲ. ಈಗ ನಾ ಅಡಿಗಿ ಮನ್ಯಾಗ ರೊಟ್ಟಿ ಬಡೀತಿರತೀನಿ. ಇವ್ರು ಕಪಾಟಿನ ಬಾಗಲಾ ತಗದ್ರ ಸೀನು. ಸೀನಿದ್ರ ನಾನು."

ವ್ಯಾಪಾರಿಗಳು ನನ್ನ ಕಡೆ ದೀನವಾಗಿ ನೋಡಿದರು. "ಅದಕ್ಕ ಬ್ಯಾರೆ ಕಪಾಟು ಕೇಳಾಕತ್ತೇನ್ರಿ" ಎಂದರು.

ಬೀಗತಿಯ ಕಣ್ಣೀರು

ಮದುವೆ ಅಡುಗೆಗೆ ಕಟ್ಟಿಗೆ ಕೊಡುವುದೆಂದರೆ ನಮಗೆ ಸ್ವಲ್ಪ ಅಂಜಿಕೆ. ಮಂಡಕ್ಕಿ ಭಟ್ಟಿಗೆ ಹಸಿ ಕಟ್ಟಿಗೆ ಹೋದರೆ ಭಟ್ಟಿಯವರು ನಾಲ್ಕು ಮಾತು ಆಡುತ್ತಾರೆ, ಮುಗಿಯಿತು. ಮದುವೆಗೆ ಹೋದರೆ ಊರೆಲ್ಲ ಆಡುತ್ತದೆ.

ಅಗಡಿಯ ಒಬ್ಬ ರೈತರು ಮಗಳ ಮದುವೆಗೆ ಕಟ್ಟಿಗೆ ಬೇಕೆಂದು ಬಂದರು. ಒಣಗಿದ ರಾಶಿ ತೋರಿಸಿದೆ. ಅದು ಕರ್ರಗೆ, ಬಿರುಕು ಬಿಟ್ಟು, ತೊಗಟೆ ಎದ್ದು, ನೋಡಲಿಕ್ಕೆ ಬಡವಾಗಿತ್ತು. ಪಕ್ಕದಲ್ಲಿ ಆಗಷ್ಟೇ ಇಳಿಸಿದ ನೀಲಗಿರಿ ನುಣ್ಣಗೆ, ಬೆಳ್ಳಗೆ ಹೊಳೆಯುತ್ತಿತ್ತು. ಅವರು ಅದರ ಮುಂದೆ ನಿಂತರು.

"ಇದು ಕೊಡ್ರಿ. ಮದುವಿ ಮನಿ, ನೋಡಾಕ ಚಂದ ಇರಬೇಕು."

"ಹಸಿ ಐತ್ರಿ. ಹೊಗಿ ಬರತೈತಿ" ಎಂದು ಎರಡು ತುಂಡು ಒಂದಕ್ಕೊಂದು ಬಡಿದು ತೋರಿಸಿದೆ. ಒದ್ದೆ ಅರಬಿ ಒಗೆದಂತೆ ಸಪ್ಪಳ ಬಂತು.

"ಬೆಂಕ್ಯಾಗ ಇಟ್ರ ಎಂಥಾದೂ ಒಣಗತೈತಿ" ಎಂದರು ಅವರು. ಮಗಳ ಮದುವೆಯ ಸಂಭ್ರಮದಲ್ಲಿದ್ದ ತಂದೆಗೆ ಅವರು ಕೇಳಿದ್ದನ್ನೇ ಹೇರಿಸಿ ಕೊಟ್ಟೆ.

ಮದುವೆಗೆ ನಮ್ಮನ್ನೂ ಕರೆದಿದ್ದರು. ಮನೆಯ ಮುಂದೆ ಪೆಂಡಾಲು, ಪಕ್ಕದಲ್ಲೇ ಒಲೆ. ನಾವು ಹೋಗುವಷ್ಟರಲ್ಲಿ ಪೆಂಡಾಲಿನ ತುಂಬ ಹೊಗೆ. ಅಡುಗೆಯವನು ನನ್ನನ್ನು ನೋಡಿದ್ದೇ, "ಅನ್ನ ಬೇಯಾಕತ್ತಿಲ್ರಿ, ನಾ ಬೇಯಾಕತ್ತೇನಿ" ಎಂದ. ನಾನು ಸೆರಗಿನಿಂದ ಮುಖ ಮುಚ್ಚಿಕೊಂಡೆ, ಅರ್ಧ ಹೊಗೆಗೆ, ಅರ್ಧ ಅವನಿಗೆ.

ವರನ ತಾಯಿ ಹುಬ್ಬಳ್ಳಿ ಕಡೆಯವರು. ಬಹಳ ಬಿಗಿ ಎಂದು ಹೆಣ್ಣಿನ ಕಡೆಯವರೆಲ್ಲ ಮೊದಲೇ ಹೆದರಿದ್ದರು. ಬೆಳಗಿನಿಂದ ಒಮ್ಮೆಯೂ ನಕ್ಕಿರಲಿಲ್ಲ. ಚಹಾ ತಣ್ಣಗಿದೆ ಎಂದಿದ್ದರು, ಜಮಖಾನೆ ಮಾಸಿದೆ ಎಂದಿದ್ದರು. ಗೌರವದಿಂದ ಅವರನ್ನು ಎಲ್ಲರಿಗಿಂತ ಮುಂದೆ ಕೂರಿಸಿದ್ದರು. ಗಾಳಿ ನೇರ ಒಲೆಯಿಂದ ಅಲ್ಲಿಗೇ ಬೀಸುತ್ತಿತ್ತು.

ಮಗಳನ್ನು ಒಪ್ಪಿಸಿಕೊಡುವ ಹೊತ್ತು ಬಂತು. ಹುಡುಗಿ ತಲೆ ಎತ್ತಿ ನೋಡುತ್ತಾಳೆ, ಅತ್ತೆಯ ಕಣ್ಣಿಂದ ನೀರು ಧಾರೆಯಾಗಿ ಇಳಿಯುತ್ತಿದೆ. ತನ್ನ ತಾಯಿಯನ್ನು ಹಿಡಿದುಕೊಂಡು ಅಳಬೇಕಾದವಳು ಅಲ್ಲಿಂದ ಬಿಡಿಸಿಕೊಂಡು ಬಂದು ಅತ್ತೆಯನ್ನು ತಬ್ಬಿದಳು.

"ಅಳಬ್ಯಾಡ್ರಿ ಅತ್ತೀ. ನಾ ನಿಮ್ಮ ಜೋಡೀನ ಬರಾಕತ್ತೇನಲ್ರಿ" ಎಂದಳು.

ಆ ತಾಯಿ, "ಅಲ್ಲವಾ, ಹೊಗಿ..." ಎಂದರು. ಅಷ್ಟಕ್ಕೇ ನಿಂತರು. ಅವರಿಗೆ ಹೆಣ್ಣುಮಕ್ಕಳಿರಲಿಲ್ಲ. ಹಾಗೆ ಬಂದು ಯಾರೂ ಅವರನ್ನು ಅಪ್ಪಿಕೊಂಡಿರಲಿಲ್ಲವೇನೋ. ಸೊಸೆಯ ಬೆನ್ನ ಮೇಲೆ ಕೈ ಇಟ್ಟು ಅವರು ಖರೇನೇ ಅಳತೊಡಗಿದರು. ಅವರನ್ನು ನೋಡಿ ಹುಡುಗಿಯ ತಾಯಿ, ತಾಯಿಯನ್ನು ನೋಡಿ ತಂದೆ, ಎಲ್ಲರೂ ಅತ್ತರು. ಯಾರದು ಹೊಗೆಯ ನೀರು, ಯಾರದು ಅಲ್ಲ ಎಂದು ಹೇಳುವಂತಿರಲಿಲ್ಲ. ಊಟ ಬಹಳ ತಡವಾಯಿತು. ಆದರೆ ಬೀಗತಿ ಒಂದೂ ತಪ್ಪು ಹುಡುಕದೆ ಉಂಡರು, ಸೊಸೆಯ ತಾಟಿಗೆ ತಾವೇ ತುಪ್ಪ ಬಡಿಸಿದರು.

ಮುಂದೆ ಎರಡನೆಯ ಮಗಳ ಮದುವೆಗೆ ಆ ರೈತರು ಮತ್ತೆ ಬಂದರು. ನಾನು ಈ ಸಲ ಅವರಿಗೆ ಬಾಯಿ ತೆಗೆಯಲಿಕ್ಕೇ ಬಿಡದೆ ಒಣಗಿದ ರಾಶಿಯ ಮುಂದೆ ಒಯ್ದು ನಿಲ್ಲಿಸಿದೆ.

"ಇದು ಬ್ಯಾಡ್ರಿ" ಎಂದು ಅವರು ಸುತ್ತ ನೋಡಿದರು. ಹಮಾಲರು ದೂರ ಇದ್ದಾರೆಂದು ಖಾತ್ರಿ ಮಾಡಿಕೊಂಡು ಹತ್ತಿರ ಬಂದರು. "ಹೋದ ಸಲ ಕೊಟ್ಟಂಥಾವ ಕೊಡ್ರಿ. ಈ ಬೀಗತಿ ಆಕಿಗಿಂತಾ ಜೋರು ಅದಾಳಂತ."

ಕುಪ್ಪೇಲೂರಿನ ಒಟ್ಟಿಲು

ಕುಪ್ಪೇಲೂರಿನಲ್ಲಿ ಒಬ್ಬ ಅಜ್ಜಿ ಇದ್ದಾರೆ. ಕಟ್ಟಿಗೆ ಒಟ್ಟುವುದರಲ್ಲಿ ಅವರ ಕೈ ಯಾರಿಗೂ ಬರುವುದಿಲ್ಲ. ಗೋಡೆಗೆ ಹತ್ತಿಸದೆ, ನೆಲಕ್ಕೆ ತಾಗಿಸದೆ, ಮೇಲೆ ತಗಡು ಹೊದಿಸಿ ಇಟ್ಟ ಅವರ ಒಟ್ಟಿಲನ್ನು ನಮ್ಮ ಮನೆಯವರು ಫೋಟೋ ತೆಗೆದುಕೊಂಡು ಬಂದಿದ್ದರು. ಅಂಥ ಅಜ್ಜಿ ಒಂದು ದಿನ ಬಸ್ಸಿಳಿದು ಬಂದು, ಜಳಕದ ನೀರು ಕಾಸಲಿಕ್ಕೆ ಕಟ್ಟಿಗೆ ಕೊಡವಾ ಎಂದರು.

"ನಿಮ್ಮ ಒಟ್ಟಿಲು ಏನಾತಬೇ ಅಜ್ಜಿ?"

"ಐತಿ. ಕೋಳಿ ಒಳಗ ಹೋಗಿ ಕಾವಿಗೆ ಕುಂತೈತಿ. ಹೆಂಗ ಕೀಳೂದು?"

ಕಟ್ಟಿಗೆ ಕೊಟ್ಟು ಕಳಿಸಿದೆವು. ಸ್ವಲ್ಪ ದಿನಕ್ಕೆ ಮತ್ತೆ ಬಂದರು.

"ಮರಿ ಆಗಿರಬೇಕಲ್ಲ ಇಷ್ಟೊತ್ತಿಗೆ?"

"ಆಗ್ಯಾವ, ಅಂಗಳದಾಗ ಅಡ್ಡಾಡತಾವ. ಈಗ ಬೆಕ್ಕು ಹೋಗಿ ಮರಿ ಹಾಕೇತಿ."

ಮತ್ತೆ ಕೊಟ್ಟೆವು. ಮಳೆಗಾಲ ಕಳೆದ ಮೇಲೆ ಅಜ್ಜಿ ಮತ್ತೆ ಬಸ್ಸಿಳಿದರು. ಈ ಸಲ ಒಳಗೆ ಯಾರು ಇದ್ದಾರೆ ಎಂದು ಕೇಳಿದೆ.

"ಯಾರೂ ಇಲ್ಲವಾ, ಖಾಲಿ ಐತಿ" ಎಂದರು.

"ಮತ್ತ ಅದನ್ನ ಉರಸ್ರಲ್ಲ."

ಅಜ್ಜಿ ನನ್ನನ್ನು ಬಹಳ ಬೇಸರದಿಂದ ನೋಡಿದರು. "ಬಾಣಂತೇರು ನಂಬಿಕೊಂಡ ಮನಿ ಅದು. ನಾಳೆ ಯಾರರ ಬಂದು, ಎಲ್ಲಿ ಹೋತು ಅಂದ್ರ ನಾ ಏನು ಹೇಳಲಿ?"

ಮನೆಯ ಮಾಲಕಿ

ನಮ್ಮ ಓಣಿಯಲ್ಲಿ ಒಬ್ಬ ಟೇಲರ್ ಇದ್ದಾರೆ. ಒಳ್ಳೆಯ ಕೈ. ಮದುವೆಯಾದಾಗಿನಿಂದ ಗಂಡ ಹೆಂಡತಿ ಬಾಡಿಗೆ ಮನೆಗಳಲ್ಲೇ ಇದ್ದವರು. ಒಂದು ಮನೆಯಲ್ಲಿ ಮೊಳೆ ಹೊಡೆಯಬೇಡಿ ಎಂದರೆ, ಇನ್ನೊಂದರಲ್ಲಿ ಮಷೀನಿನ ಸಪ್ಪಳ ಬೇಡ ಎಂದರು. ಕಡೆಗೊಮ್ಮೆ ಸಣ್ಣದೊಂದು ಜಾಗ ಹಿಡಿದು ತಮ್ಮದೇ ಮನೆ ಕಟ್ಟಿದರು. ಶ್ರಾವಣದಲ್ಲಿ ಮುಹೂರ್ತ ಇಟ್ಟುಕೊಂಡು, ಮುಂಬಾಗಿಲಿಗೆ ಹಲಗೆ ಬೇಕೆಂದು ಬಂದರು.

ನಮ್ಮಲ್ಲಿದ್ದದ್ದು ಹೆಬ್ಬೇವು, ಇನ್ನೂ ಅರ್ಧ ಒಣಗಿದ್ದು. "ದಸರಾ ತನಕ ತಡೀರಿ. ಮಳ್ಯಾಗ ಉಬ್ಬತೈತಿ" ಎಂದೆ.

"ಮುಹೂರ್ತ ಏನು ಬ್ಲೌಸ್ ಏನ್ರಿ ಅಕ್ಕಾರ, ಮುಂದಿನ ವಾರ ಬರ್ರಿ ಅನ್ನಾಕ?" ಎಂದರು.

ಹಾಗಾದರೆ ಬಡಿಗೇರರಿಗೆ ಹೇಳಿ ಬಾಗಿಲು ಸ್ವಲ್ಪ ಸಡಿಲ ಇಡಿಸಿರಿ ಎಂದು ಹೇಳಿ ಕಳಿಸಿದೆ. ಬಡಿಗೇರರೂ ಅದನ್ನೇ ಹೇಳಿದರಂತೆ. ಟೇಲರ್ ಒಪ್ಪಲಿಲ್ಲ. ಚೌಕಟ್ಟಿಗೆ ಬಾಗಿಲು ಕೂದಲೆಳೆ ಸಂದಿಲ್ಲದೆ ಕೂರಬೇಕು, ಫಿಟ್ಟಿಂಗ್ ಎಂದರೆ ಫಿಟ್ಟಿಂಗ್, ಎಂದರು. ಗಿರಾಕಿಗಳ ಅಂಗಿಗೆಲ್ಲ, ಮುಂದೆ ದಪ್ಪ ಆದರೆ ಬೇಕಾಗುತ್ತದೆ ಎಂದು ಒಳಗೆ ಬಟ್ಟೆ ಬಿಟ್ಟು ಹೊಲಿಯುವ ಮನುಷ್ಯ ಅವರು. ಬಾಗಿಲೂ ದಪ್ಪ ಆಗಬಹುದೆಂದು ಅವರಿಗೆ ಹೊಳೆಯಲಿಲ್ಲ.

ಗೃಹಪ್ರವೇಶದ ಹಿಂದಿನ ದಿನದಿಂದ ಮಳೆ ಹಿಡಿಯಿತು. ಬೆಳಗ್ಗೆ ನಾವು ಹೋದಾಗ ಜಿಟಿಜಿಟಿ ಸುರಿಯುತ್ತಲೇ ಇತ್ತು. ಹೊಸ ಬಾಗಿಲಿಗೆ ಅರಿಷಿಣ ಕುಂಕುಮ ಹಚ್ಚಿ ಮಾವಿನ ತೋರಣ ಕಟ್ಟಿದ್ದರು. ಟೇಲರ್ ಹೊಸ ಜರಿ ಧೋತರ ಉಟ್ಟಿದ್ದರು, ಅವರ ಹೆಂಡತಿ ಕೈಯಲ್ಲಿ ಕಳಸ ಹಿಡಿದು ನಿಂತಿದ್ದರು. ಮೊದಲು ಆಕಳನ್ನು ಒಳಗೆ ಹೊಗಿಸುವುದು ಪದ್ಧತಿ. ಹಾಲಿನವನು ತನ್ನ ಆಕಳನ್ನು ಸಿಂಗರಿಸಿ ತಂದಿದ್ದ. ಅದು ಗಂಭೀರವಾಗಿ ಬಲಗಾಲು ಇಟ್ಟು ಹೊಸಲು ದಾಟಿತು. ಪೂಜೆಗೆ ಬಂದಿದ್ದ ಐನೋರು ಸಂತೋಷದಿಂದ ತಲೆ ಆಡಿಸಿದರು. ಮನೆಯವರು ಬರಲಿ ಎಂದು ಹಾಲಿನವನು ಹಗ್ಗ ಬಿಟ್ಟು ಹೊರಗೆ ಸರಿದ.

ಒಳಗೆ ಹೊಸ ಫರಸಿ ಕಲ್ಲಿನ ನೆಲ, ನುಣ್ಣಗೆ. ಆಕಳಿಗೆ ಏನನ್ನಿಸಿತೋ, ಹಿಂದಕ್ಕೆ ತಿರುಗಿತು. ತಿರುಗುವಾಗ ಅದರ ಹಿಂಭಾಗ ಬಾಗಿಲಿಗೆ ಬಡಿಯಿತು. ಬಾಗಿಲು ಧಡ್ ಎಂದು ಬಿದ್ದು, ಚೌಕಟ್ಟಿನೊಳಗೆ ಕಚ್ಚಿಕೊಂಡಿತು.

ಟೇಲರ್ ನೂಕಿದರು. ಅಲುಗಲಿಲ್ಲ. ನಮ್ಮ ಮನೆಯವರು ಹೆಗಲು ಕೊಟ್ಟರು, ಹಾಲಿನವನು ಕೊಟ್ಟ, ಅಲುಗಲಿಲ್ಲ. ಕೂದಲೆಳೆ ಸಂದು ಇದ್ದರೆ ತಾನೇ. ಹಿತ್ತಲ ಬಾಗಿಲಿಗೆ ಒಳಗಿನಿಂದ ಚಿಲಕ ಹಾಕಿತ್ತು. ಕಿಟಕಿಗಳಿಗೆಲ್ಲ ಸರಳು. ಎಲ್ಲರೂ ಮಳೆಯಲ್ಲಿ ಹೊರಗೆ, ಆಕಳು ಒಳಗೆ.

ಟೇಲರ್ ಮುಖ ನೋಡಲಾಗುತ್ತಿರಲಿಲ್ಲ. ಅವರ ಹೆಂಡತಿ ಕಳಸ ನೆನೆಯಬಾರದೆಂದು ಸೆರಗು ಮುಚ್ಚಿಕೊಂಡು ನಿಂತಿದ್ದರು, ಕಣ್ಣಲ್ಲಿ ನೀರು ತುಂಬಿತ್ತು. ಇಷ್ಟು ವರ್ಷ ಕಾದು ಕಟ್ಟಿದ ಮನೆಯ ಮುಂದೆ ಹೀಗೆ ನಿಲ್ಲುವುದೆಂದರೆ. ನನಗೂ ಕೆಟ್ಟದೆನಿಸಿತು, ಹಲಗೆ ನಮ್ಮದೇ ಅಲ್ಲವೇ.

"ಐನೋರ, ಮುಹೂರ್ತ?" ಎಂದು ಟೇಲರ್ ಸಣ್ಣ ದನಿಯಲ್ಲಿ ಕೇಳಿದರು.

ಐನೋರು ಗಡಿಯಾರ ನೋಡಿಕೊಂಡರು. "ಮುಹೂರ್ತಕ್ಕ ಬರೋಬ್ಬರಿ ಪ್ರವೇಶ ಆಗೇತಿ."

"ಯಾರ್ದು?"

"ಆಕಳದು."

"ಮತ್ತ ನಾವು?"

"ನೀವು ಇನ್ನ ಆಕಿನ್ನ ಕೇಳಿ ಬರಬೇಕಪಾ" ಎಂದರು ಐನೋರು.

ಆಗಲೇ ಕಿಟಕಿಯ ಸರಳುಗಳ ನಡುವೆ ಆಕಳಿನ ಮುಖ ಕಾಣಿಸಿತು. ಪೂಜೆಗೆ ಇಟ್ಟಿದ್ದ ಬಾಳೆಹಣ್ಣಿನ ಗೊನೆ ಮುಗಿಸಿ, ಬಾಳೆಲೆಯ ತುದಿ ಬಾಯಿಂದ ಇಳಿಬಿಟ್ಟುಕೊಂಡು ನಿಧಾನವಾಗಿ ಮೆಲ್ಲುತ್ತಿತ್ತು. ಹೊರಗೆ ನಿಂತ ನಮ್ಮನ್ನೆಲ್ಲ, ಯಾರಿವರು, ಯಾಕೆ ಬಂದಿದ್ದಾರೆ ಎನ್ನುವಂತೆ ಒಬ್ಬೊಬ್ಬರನ್ನಾಗಿ ನೋಡಿತು. ಟೇಲರ್ ಹೆಂಡತಿ ಅದನ್ನು ನೋಡಿದರು. ಕಣ್ಣಲ್ಲಿ ನೀರು ಇದ್ದಂತೆಯೇ ನಕ್ಕುಬಿಟ್ಟರು. ಕಳಸ ಅಲುಗುವಷ್ಟು ನಕ್ಕರು. ಅವರು ನಕ್ಕ ಮೇಲೆ ನಾವೂ ತಡೆಯಲಿಲ್ಲ.

ಕಡೆಗೆ ಹಾಲಿನವನು ಅಡುಗೆ ಮನೆಯ ಕಿಟಕಿಯಿಂದ ಉದ್ದನೆಯ ಕೋಲು ತೂರಿಸಿ ಹಿತ್ತಲ ಬಾಗಿಲಿನ ಚಿಲಕ ಸರಿಸಿದ. ಎಲ್ಲರೂ ಮನೆ ಸುತ್ತು ಹಾಕಿ ಕೆಸರಿನಲ್ಲಿ ಹಿಂದೆ ಬಂದೆವು. ಆಕಳು ಆಗಲೇ ಅಡುಗೆ ಮನೆಗೆ ಬಂದು ಬಾಗಿಲಲ್ಲಿ ನಿಂತಿತ್ತು. ಅದು ಸರಿದು ದಾರಿ ಕೊಟ್ಟ ಮೇಲೆ ಗಂಡ ಹೆಂಡತಿ ಬಲಗಾಲು ಇಟ್ಟು ತಮ್ಮ ಮನೆ ಹೊಕ್ಕರು. ಮಳೆಗಾಲ ಮುಗಿಯುವ ತನಕ ಮುಂಬಾಗಿಲು ತೆಗೆಯಲೇ ಇಲ್ಲ. ಬಂದವರೆಲ್ಲ ಹಿತ್ತಲಿನಿಂದಲೇ ಬಂದು ಹೋದರು. ಚಳಿಗಾಲಕ್ಕೆ ಹಲಗೆ ಒಣಗಿ, ಬಾಗಿಲು ತಾನಾಗಿ ಸಡಿಲಾಯಿತು.

ಈಚೆಗೆ ಒಂದು ಬ್ಲೌಸ್ ಹೊಲಿಯಲಿಕ್ಕೆ ಕೊಡಲು ಅವರ ಮನೆಗೆ ಹೋಗಿದ್ದೆ. ಟೇಲರ್ ಮಷೀನಿನ ಮುಂದೆ ಕೂತಿದ್ದರು. ಮೇಯಲು ಹೊರಟ ಆ ಆಕಳು ಬಂದು ಮುಂಬಾಗಿಲಲ್ಲಿ ನಿಂತು, ತಲೆ ಒಳಗೆ ಹಾಕಿತು. ದಿನಾ ಬರುತ್ತದಂತೆ.

"ಏನ್ರೀ, ಮನಿ ಮಾಲಕಿ ಬಂದಾಳ. ರೊಟ್ಟಿ ತಗೊಂಬರ್ರಿ" ಎಂದರು ಹೆಂಡತಿ.

"ಕೈಯಾಗ ಕೆಲಸ ಐತಿ. ತಡಿ ಸ್ವಲ್ಪ" ಎಂದರು ಟೇಲರ್.

"ಲಗೂ ಏಳ್ರಿ" ಎಂದರು ಹೆಂಡತಿ. "ಸಿಟ್ಟಿಗೆದ್ದು ಮನಿ ಖಾಲಿ ಮಾಡ್ರಿ ಅಂದ್ರ, ಮತ್ತ ಬಾಡಗಿ ಮನಿ ಹುಡುಕಾಕ ನನ್ನ ಕೈಲೆ ಆಗೂದಿಲ್ಲ."